ಮುಚ್ಚಳ ತೆಗೆಯದ ಬೀಗದಣ್ಣ

ಮುಚ್ಚಿದ್ದು ಏನೇ ಕಂಡರೂ ಬೀಗದಣ್ಣನ ಬೆರಳು ತುರಿಸುತ್ತಿತ್ತು. ಬೀಗ ರಿಪೇರಿ ಮಾಡಿ, ಕೀಲಿ ಕಳೆದುಕೊಂಡವರ ಬಾಗಿಲು ತೆಗೆದುಕೊಟ್ಟು ತಲೆ ನರೆಸಿಕೊಂಡ ಮನುಷ್ಯ ಅವನು. ಕಸುಬು ಕೈಗೆ ಹತ್ತಿದ್ದರೆ ಸಾಕಿತ್ತು, ಅವನಿಗೆ ಮೈಗೇ ಹತ್ತಿಬಿಟ್ಟಿತ್ತು. ಬಿಸ್ಕತ್ತಿನ ಡಬ್ಬಿಯಾಗಲಿ, ಔಷಧಿಯ ಪೆಟ್ಟಿಗೆಯಾಗಲಿ, ಪಕ್ಕದ ಕ್ಷೌರದಂಗಡಿಯವನ ಊಟದ ಕ್ಯಾರಿಯರ್ ಆಗಲಿ, ಒಮ್ಮೆ ತೆಗೆದು ನೋಡಿ ಮುಚ್ಚದೆ ಮುಂದಕ್ಕೆ ಹೋದವನಲ್ಲ. ಹಾಗಂತ ಕದಿಯುವ ಬುದ್ಧಿ ಎಳ್ಳಷ್ಟೂ ಇಲ್ಲ. ಒಳಗೇನಿದೆ ಅಂತ ಗೊತ್ತಾಗಿಬಿಟ್ಟರೆ ಸಾಕು, ಮಗುವಿನ ಹಾಗೆ ನಿದ್ದೆ ಹೋಗುತ್ತಿದ್ದ.

ಮದುವೆಯಾದ ಹೊಸತರಲ್ಲಿ ಹೆಂಡತಿಯ ತವರಿನ ಪೆಟ್ಟಿಗೆಯನ್ನು ಎರಡು ಸಲ ತೆಗೆದು ನೋಡಿದ್ದ. ಮೂರನೆಯ ಸಲ ತೆಗೆದಾಗ ಹೆಂಡತಿ ಸೀರೆಯ ಮಡಿಕೆಯೊಳಗೆ ಇಲಿ ಹಿಡಿಯುವ ಕತ್ತರಿ ಇಟ್ಟಿದ್ದಳು. ಎಡಗೈಯ ತೋರುಬೆರಳು ಈಗಲೂ ಸ್ವಲ್ಪ ಸೊಟ್ಟ. ಯಾರಾದರೂ ಕೇಳಿದರೆ "ಕಸುಬಿನಲ್ಲಿ ಆದದ್ದು" ಅನ್ನುತ್ತಿದ್ದ. ಪೂರ್ತಿ ಸುಳ್ಳೂ ಅಲ್ಲ ಬಿಡಿ.

ಇದ್ದವಳು ಒಬ್ಬಳೇ ಮಗಳು. ಅವಳ ಹುಟ್ಟುಹಬ್ಬಕ್ಕೆ ಬಂದ ಉಡುಗೊರೆಗಳನ್ನೆಲ್ಲ ಮೊದಲೇ ಬಿಚ್ಚಿ ನೋಡಿ, ಮತ್ತೆ ಕಾಗದ ಸುತ್ತಿ, ದಾರ ಕಟ್ಟಿ ಇಡುತ್ತಿದ್ದ. ಹುಡುಗಿಗೆ ಬುದ್ಧಿ ಬಂದ ಮೇಲೆ ಒಂದು ದಿನ ಕೇಳಿಯೇಬಿಟ್ಟಳು, "ಅಪ್ಪಾ, ಅಂಗಡಿಯವರು ಇಷ್ಟು ಚೆನ್ನಾಗಿ ಗಂಟು ಹಾಕ್ತಾರಾ?" ಅವನಿಗೆ ನಾಚಿಕೆಯಾಗಲಿಲ್ಲ, ಹೊಗಳಿಕೆ ಅಂದುಕೊಂಡ.

ದೊಡ್ಡವಳಾದ ಮೇಲೆ ಅವಳು ಕನ್ನಡಕದ ಅಂಗಡಿಯಲ್ಲಿ ಗಾಜು ತಿಕ್ಕುವ ಕೆಲಸಕ್ಕೆ ಸೇರಿ, ಹತ್ತಿರದಲ್ಲೇ ಒಂದು ಬಾಡಿಗೆ ಕೋಣೆ ಹಿಡಿದಳು. ಮೊದಲನೆಯ ವಾರವೇ ಸಂಜೆ ಬಂದು ನೋಡುತ್ತಾಳೆ, ಹಾಸಿಗೆ ಕೊಡವಿ ಹಾಸಿದೆ, ಮೇಜಿನ ಮೇಲೆ ಒಂದು ಚಿಪ್ಪು ಬಾಳೆಹಣ್ಣು ಇದೆ. ಬಾಗಿಲಿಗೆ ಹಾಕಿದ ಬೀಗ ಹಾಕಿದ ಹಾಗೇ ಇದೆ.

"ನಿನ್ನ ಬೀಗ ದಂಡ ಅಂತ ತೋರಿಸಿದೆ ಅಷ್ಟೇ ಕಣಮ್ಮ" ಅಂದ ಅಪ್ಪ.

"ಬಾಳೆಹಣ್ಣು ಯಾಕೆ ಮತ್ತೆ?"

"ಬರಿಗೈಲಿ ಹೇಗೆ ಬರೋದು?"

ಇಂಥ ಅಪ್ಪನ ಮಗಳಿಗೆ ಮದುವೆಯಾಯಿತು. ಬೀಗದಣ್ಣನಿಗೆ ಬೀಗರು ಸಿಕ್ಕರು ಅಂತ ಬೀದಿಯವರೆಲ್ಲ ಒಬ್ಬೊಬ್ಬರೂ ತಾನೇ ಮೊದಲು ಕಂಡುಹಿಡಿದವರ ಹಾಗೆ ಹೇಳಿ ನಕ್ಕರು. ಗಂಡಹೆಂಡಿರು ಹಿಂದಿನ ಬೀದಿಯಲ್ಲೇ ಒಂದು ಸಣ್ಣ ಮನೆ ಗೊತ್ತು ಮಾಡಿಕೊಂಡರು. ಸುಣ್ಣಬಣ್ಣ ಮುಗಿಯುವವರೆಗೂ ಅಪ್ಪನ ಮನೆಯಲ್ಲೇ ಇದ್ದರು. ಆ ಹೊಸ ಮನೆಯ ಬಾಗಿಲಿಗೆ ತನ್ನ ಕೈಯಾರೆ ಬೀಗ ಕೂರಿಸಬೇಕು ಅಂತ ಬೀಗದಣ್ಣನ ಆಸೆ. ಊರವರ ಬಾಗಿಲಿಗೆಲ್ಲ ಬೀಗ ಹಾಕಿದವನು ಮಗಳ ಬಾಗಿಲಿಗೆ ಹಾಕದಿದ್ದರೆ ಹೇಗೆ? ಹಿತ್ತಾಳೆಯದೊಂದು ಬೀಗ ತಂದು, ದಿನಾ ಎಣ್ಣೆ ಬಿಟ್ಟು ಒರೆಸಿ, ಬಟ್ಟೆಯಲ್ಲಿ ಸುತ್ತಿ ಇಟ್ಟಿದ್ದ.

ಮಗಳು ಒಪ್ಪಲಿಲ್ಲ. "ನೀನು ಹಾಕಿದ ಬೀಗಕ್ಕೆ ಇನ್ನೊಂದು ಕೀಲಿ ನಿನ್ನ ಜೇಬಲ್ಲಿ ಇರುತ್ತೆ ಅಪ್ಪ. ನಾವು ಬಟನ್ ಒತ್ತೋ ಬೀಗ ತರ್ತೀವಿ. ಅದಕ್ಕೆ ಕೀಲೀನೇ ಇಲ್ಲ."

ಕೀಲಿ ಇಲ್ಲದ ಬೀಗ! ಬೀಗದಣ್ಣ ಆ ದಿನ ಊಟ ಸರಿಯಾಗಿ ಮಾಡಲಿಲ್ಲ. ಹೆಂಡತಿಗೂ ಕರುಳು ಚುರುಕ್ ಅಂದಿತು. ಆಸ್ಪತ್ರೆಯ ಬಟ್ಟೆ ಒಗೆಯುವ ಕೋಣೆಯಲ್ಲಿ ದಿನವಿಡೀ ದುಡಿದು ಬರುವ ಹೆಂಗಸು, ಮಾತು ಕಡಿಮೆ. ಅವಳೇ ಮಗಳಿಗೆ ಹೇಳಿದಳು, "ಒಂದು ಪರೀಕ್ಷೆ ಇಡೇ. ಗೆದ್ದರೆ ಬೀಗ ಹಾಕಲಿ, ಸೋತರೆ ಬಾಯಿ ಮುಚ್ಚಿಕೊಂಡಿರಲಿ."

ಪರೀಕ್ಷೆಗೆ ಸಾಮಾನು ಮನೆಯಲ್ಲೇ ಇತ್ತು. ಕನ್ನಡಕದ ಅಂಗಡಿಯವರೆಲ್ಲ ಸೇರಿ ಮದುವೆಗೆ ಒಂದು ಸ್ಲೋ ಕುಕ್ಕರ್ ಕೊಟ್ಟಿದ್ದರು. ಕರೆಂಟಿನದು. ಒಳಗೆ ದಪ್ಪನೆಯ ಪಿಂಗಾಣಿ ಪಾತ್ರೆ, ಮೇಲೆ ಗಾಜಿನ ಮುಚ್ಚಳ. ಸೀಟಿ ಇಲ್ಲ, ಸದ್ದಿಲ್ಲ, ಬೆಳಿಗ್ಗೆ ಹಾಕಿದ್ದು ಸಂಜೆಗೆ ಬೇಯುತ್ತದೆ. "ಅಡುಗೆಯವರಿಗಿಂತ ಸೋಮಾರಿ" ಅಂತ ಹೆಂಡತಿ ಅದಕ್ಕೆ ಸೋಮಾರಿ ಕುಕ್ಕರ್ ಅಂತಲೇ ಹೆಸರಿಟ್ಟಿದ್ದಳು.

ಮಾರನೆಯ ಬೆಳಿಗ್ಗೆ ಮಗಳು ದನದ ಮಾಂಸದ ದಪ್ಪ ತುಂಡುಗಳನ್ನು ಬಾಣಲೆಯಲ್ಲಿ ಕೆಂಪಗೆ ಬಾಡಿಸಿ ಪಾತ್ರೆಗೆ ಹಾಕಿದಳು. ಸೋಯಾ ಸಾಸ್, ಕಂದು ಸಕ್ಕರೆ, ಜಜ್ಜಿದ ಶುಂಠಿ ಬೆಳ್ಳುಳ್ಳಿ, ಒಂದಿಷ್ಟು ವಿನೆಗರ್ ಕಲಸಿ ಮೇಲೆ ಸುರಿದಳು.

"ಇದಕ್ಕೆ ಟೆರಿಯಾಕಿ ಅಂತಾರೆ ಅಪ್ಪ, ಜಪಾನಿನವರ ಅಡುಗೆ. ಸಂಜೆ ನಾನು ಬರೋ ತನಕ ಇದರ ಮುಚ್ಚಳ ತೆಗಿಬಾರದು. ಒಂದು ಸಲ ತೆಗೆದರೂ ಶಾಖ ಎಲ್ಲ ಹಾರಿಹೋಗಿ ಮಾಂಸ ಚಪ್ಪಲಿ ಅಟ್ಟೆ ಆಗುತ್ತೆ. ತೆಗಿದೇ ಇದ್ದರೆ ನಮ್ಮನೆ ಬೀಗ ನಿಂದು. ತೆಗೆದರೆ ಬಟನ್ ಬೀಗ."

"ಇಷ್ಟೇನಾ?" ಅಂದ ಬೀಗದಣ್ಣ.

"ನಿನಗೆ ಇದು ಇಷ್ಟೇ ಅಲ್ಲ ಅಂತ ನಮಗೆಲ್ಲ ಗೊತ್ತು" ಅಂದಳು ಹೆಂಡತಿ ಚಪ್ಪಲಿ ಮೆಟ್ಟುತ್ತ. ಅಳಿಯ ಪಾಪ, ನಗು ತಡೆದುಕೊಂಡು ಬಸ್ಸಿಗೆ ಓಡಿದ.

ಮನೆಯ ಮುಂದಿನ ಕೋಣೆಯೇ ಬೀಗದಣ್ಣನ ಅಂಗಡಿ, ಹಿಂದಿನದು ಅಡುಗೆಮನೆ, ನಡುವೆ ಒಂದು ಬಟ್ಟೆಯ ಪರದೆ. ಮೊದಲು ಸ್ವಲ್ಪ ಹೊತ್ತು ಅವನು ನಿಷ್ಠೆಯಿಂದ ಅರ ಹಿಡಿದು ಕೀಲಿ ಉಜ್ಜಿದ. ಆಮೇಲೆ ಪರದೆ ಸರಿಸಿ ಬರೀ ನೋಡಿದ. ನೋಡಬಾರದು ಅಂತ ಯಾರೂ ಹೇಳಿರಲಿಲ್ಲವಲ್ಲ. ಗಾಜಿನ ಮುಚ್ಚಳದ ಒಳಗೆ ಹಬೆ ಕಟ್ಟಿ ಏನೂ ಕಾಣುತ್ತಿರಲಿಲ್ಲ. ಮುಚ್ಚಿದ್ದು ಒಂದು ತೂಕವಾದರೆ, ಗಾಜಿನಿಂದ ಮುಚ್ಚಿಯೂ ಕಾಣಿಸದೆ ಇರುವುದು ಇನ್ನೊಂದು ತೂಕ. ಅವನ ಸೊಟ್ಟ ಬೆರಳು ತಾನೇ ತಾನಾಗಿ ಮುಚ್ಚಳದ ಹಿಡಿಯ ಹತ್ತಿರ ಹೋಯಿತು.

ಅಲ್ಲಿ ಅದು ನಿಂತಿತು. ಮುಚ್ಚಳದ ಅಂಚಿಗೂ ಪಾತ್ರೆಯ ಅಂಚಿಗೂ ನಡುವಿನ ಸಂದಿಯಲ್ಲಿ ಒಂದೇ ಒಂದು ಎಳ್ಳು ಕಾಳು ಕೂತಿತ್ತು. ಬಿದ್ದದ್ದಲ್ಲ, ಇಟ್ಟದ್ದು. ಮುಚ್ಚಳ ಎತ್ತಿದರೆ ಅದು ಒಳಗೆ ಬೀಳುತ್ತದೆ.

ಬೀಗದಣ್ಣನಿಗೆ ಸಿಟ್ಟು ಬರಬೇಕಿತ್ತು. ಬಂದದ್ದು ಹೆಮ್ಮೆ. "ಎಲಾ ಹುಡುಗಿ! ನನ್ನ ಹೊಟ್ಟೇಲಿ ಹುಟ್ಟಿದ್ದಕ್ಕೆ ಸಾರ್ಥಕ" ಅಂತ ಒಬ್ಬನೇ ನಕ್ಕ. ಬೇರೊಂದು ಎಳ್ಳು ತಂದು ಅದೇ ಜಾಗದಲ್ಲಿ ಕೂರಿಸುವುದು ಅವನಿಗೆ ನೀರು ಕುಡಿದ ಹಾಗೆ. ಆದರೆ ಮಗಳು ಇಷ್ಟು ಮುತುವರ್ಜಿಯಿಂದ ಇಟ್ಟಿರುವಾಗ ಅದನ್ನು ಮುರಿಯಲು ಮನಸ್ಸು ಬರಲಿಲ್ಲ. ಮಾತು ಕೊಟ್ಟಾಗಿದೆ, ಮುಚ್ಚಳ ತೆಗೆಯುವಂತಿಲ್ಲ.

ಹೋಗಿ ಅಂಗಡಿಯಲ್ಲಿ ಕೂತ. ಅಷ್ಟರಲ್ಲಿ ವಾಸನೆ ಶುರುವಾಯಿತು. ಮೊದಲು ಶುಂಠಿ, ಅದರ ಹಿಂದೆ ಸಕ್ಕರೆ ಕರಗಿದ ಘಮ, ಆಮೇಲೆ ಮಾಂಸ ಮೆತ್ತಗಾಗುವ ಆ ಭಾರವಾದ ವಾಸನೆ ಪರದೆಯ ಅಡಿಯಿಂದ ಹರಿದು ಬಂತು. ಪಕ್ಕದ ಕ್ಷೌರದಂಗಡಿಯವನು ಗಿರಾಕಿಯ ಅರ್ಧ ಗಡ್ಡ ಹಾಗೇ ಬಿಟ್ಟು ಬಾಗಿಲಿಗೆ ಬಂದು ಇಣುಕಿದ.

"ಬೀಗದಣ್ಣ, ಏನಣ್ಣ ಒಳಗೆ?"

"ತೆಗೆದು ನೋಡಿಲ್ಲ ಕಣಯ್ಯ" ಅಂದ ಬೀಗದಣ್ಣ. ಜೀವನದಲ್ಲಿ ಅವನ ಬಾಯಿಂದ ಅಷ್ಟು ಸಂಕಟದ ಮಾತು ಬಂದಿರಲಿಲ್ಲ.

ಮತ್ತೆ ಎದ್ದು ಒಳಗೆ ಹೋದ. ಈ ಸಲ ಬೀಗ ನೋಡುವ ಹಾಗೆ ನೋಡಿದ. ಬೀಗ ನೋಡುವುದು ಅಂದರೆ ಅದು ಎಲ್ಲಿ ಮುಚ್ಚಿದೆ ಅಂತ ನೋಡುವುದಲ್ಲ, ಎಲ್ಲಿ ಮುಚ್ಚಿಲ್ಲ ಅಂತ ನೋಡುವುದು. ಹಿಡಿಯ ಪಕ್ಕದಲ್ಲಿ ಹಬೆ ಹೋಗಲು ಒಂದು ಸಣ್ಣ ತೂತು ಇತ್ತು. ಅದರಿಂದ ಎಳೆಯಾಗಿ ಹಬೆ ಬರುತ್ತಿತ್ತು, ಬಾ ಬಾ ಅಂತ ಕೈಬೀಸಿ ಕರೆದ ಹಾಗೆ.

ಬೀಗದಣ್ಣ ಅಂಗಡಿಗೆ ಬಂದು ತನ್ನ ಕೊಕ್ಕೆತಂತಿ ತೆಗೆದುಕೊಂಡ. ತೆಳ್ಳನೆಯ ಉಕ್ಕಿನ ತಂತಿ, ತುದಿ ಒಂಚೂರು ಬಾಗಿದ್ದು. ಕೀಲಿ ಕಳೆದುಹೋದ ಬಾಗಿಲುಗಳನ್ನೆಲ್ಲ ಅದರಿಂದಲೇ ತೆಗೆಯುತ್ತಿದ್ದ. ಅದನ್ನು ಸೋಪು ಹಾಕಿ ತೊಳೆದು, ಕುದಿಯುವ ನೀರಿನಲ್ಲಿ ಅದ್ದಿ ಶುದ್ಧ ಮಾಡಿದ. ಮೋಸ ಮಾಡುವುದಾದರೂ ಅಚ್ಚುಕಟ್ಟಾಗಿ ಮಾಡಬೇಕು. ಉಸಿರು ಬಿಗಿಹಿಡಿದು ತೂತಿನೊಳಗೆ ಇಳಿಸಿದ. ಎಳ್ಳು ಅಲುಗಲಿಲ್ಲ. ಹೊರಗೆ ಎಳೆದಾಗ ತುದಿಯಲ್ಲಿ ಒಂದು ಹನಿ, ಜೇನಿನ ಬಣ್ಣದ್ದು.

ನಾಲಿಗೆಗೆ ಇಟ್ಟುಕೊಂಡ. ಕಣ್ಣು ತಾನಾಗಿ ಮುಚ್ಚಿತು.

ಒಂದು ಹನಿ ಸಾಕಿತ್ತು. ಆದರೆ ಮೊದಲನೆಯದು ಬರೀ ಸಾರಿನ ರುಚಿ, ಮಾಂಸದ್ದು ಗೊತ್ತಾಗಲಿಲ್ಲವಲ್ಲ. ಇನ್ನೊಂದು ಸಲ ಇಳಿಸಿದ. ಕೊಕ್ಕೆಗೆ ಒಂದು ಎಳೆ ಸಿಕ್ಕಿತು, ನೂಲಿನಷ್ಟು. ಇನ್ನೂ ಪೂರ್ತಿ ಬೆಂದಿರಲಿಲ್ಲ. ಬೆಂದಾಗ ಗೊತ್ತಾಗಬೇಕಲ್ಲ ಅಂತ ಮತ್ತೆ ಮತ್ತೆ ನೋಡುವುದು ಅವನ ಕರ್ತವ್ಯವೇ ಆಯಿತು. ಮಧ್ಯಾಹ್ನದ ಊಟಕ್ಕೆ ಹೆಂಡತಿ ಮಾಡಿಟ್ಟಿದ್ದ ಅನ್ನವನ್ನು ತಂತಿ ನೆಕ್ಕಿ ನೆಕ್ಕಿ ಮುಗಿಸಿದ.

ಹೀಗೆ ತಂತಿ ಬಾಯಲ್ಲಿರುವಾಗಲೇ ಮೇಲಿನ ಮನೆಯ ಟೀಚರಮ್ಮ ಮೆಟ್ಟಿಲು ಇಳಿದು ಬಂದರು. ಬಾಗಿಲು ಎಳೆದುಕೊಂಡುಬಿಟ್ಟಿದೆ, ಕೀಲಿ ಒಳಗಿದೆ, ಒಲೆಯ ಮೇಲೆ ಹಾಲಿದೆ. ಬೀಗದಣ್ಣ ತಂತಿಯನ್ನು ಪ್ಯಾಂಟಿಗೆ ಒರೆಸಿಕೊಂಡು ಓಡಿದ. ಒರೆಸಿದ್ದು ಅವಸರದಲ್ಲಿ. ಬೀಗದ ತೂತಿಗೆ ಇಳಿಸಿ, ಕಿವಿಗೊಟ್ಟು, ಟಕ್ ಅನ್ನಿಸಿ ಬಾಗಿಲು ತೆಗೆದ. ಹಾಲು ಉಕ್ಕುವ ಮೊದಲೇ ಟೀಚರಮ್ಮ ಒಳಗೆ ಹೋದರು. "ನಿಮ್ಮ ಕೈ ಬಂಗಾರ ಬೀಗದಣ್ಣ" ಅಂದರು. ಬಂಗಾರದ ಮೇಲೆ ಏನು ಮೆತ್ತಿತ್ತು ಅಂತ ಅವರಿಗೇನು ಗೊತ್ತು?

ಸಂಜೆ ಎಲ್ಲರೂ ಬಂದರು. ಮಗಳು ಚೀಲವನ್ನೂ ಇಳಿಸದೆ ನೇರ ಕುಕ್ಕರಿನ ಮುಂದೆ ಬಗ್ಗಿದಳು. ಎಳ್ಳು ಕೂತಲ್ಲೇ ಕೂತಿತ್ತು. ಅವಳು ಅದನ್ನು ಮುಟ್ಟಿ ನೋಡಿದಳು, ಅಪ್ಪನ ಮುಖ ನೋಡಿದಳು, ಮತ್ತೆ ಎಳ್ಳು ನೋಡಿದಳು.

"ಬದಲಾಯಿಸಿ ಇಟ್ಟಿದ್ದೀಯಾ?"

"ಎಳ್ಳಾ? ಯಾವ ಎಳ್ಳು?"

"ಮುಚ್ಚಳ ತೆಗೆದಿಲ್ವಾ? ನನ್ನಾಣೆ ಹೇಳು."

"ನಿನ್ನಾಣೆಗೂ ಮುಚ್ಚಳ ತೆಗೆದಿಲ್ಲ ಕಣಮ್ಮ" ಅಂದ ಬೀಗದಣ್ಣ. ಇಷ್ಟು ನಿಜ ಹೇಳಿ ಅಭ್ಯಾಸವಿಲ್ಲದೆ ಸ್ವಲ್ಪ ಬೆವರಿದ.

ಹೆಂಡತಿ ಅಲ್ಲೇ ಕೂತುಬಿಟ್ಟಳು. "ಇವರಿಗೆ ಮೈ ಹುಷಾರಿಲ್ಲ, ಜ್ವರ ನೋಡೇ" ಅಂದಳು.

ಮಗಳು ಮುಚ್ಚಳ ತೆಗೆದಳು. ಫೋರ್ಕ್ ತಾಗಿಸಿದರೆ ಸಾಕು, ಮಾಂಸ ಎಳೆಎಳೆಯಾಗಿ ಬಿಡಿಸಿಕೊಂಡಿತು. ಸಾರಿಗೆ ಕಾರ್ನ್‌ಫ್ಲೋರ್ ಕದಡಿ ಗಟ್ಟಿ ಮಾಡಿ, ಅನ್ನದ ಮೇಲೆ ಹಾಕಿ, ಎಳ್ಳು ಉದುರಿಸಿ ಬಡಿಸಿದಳು. ಅಳಿಯ ತಟ್ಟೆ ಮೂರು ಸಲ ಮುಂದೆ ಚಾಚಿದ. ಬೀಗದಣ್ಣ ಹಿತ್ತಾಳೆಯ ಬೀಗವನ್ನು ಸುತ್ತಿದ್ದ ಬಟ್ಟೆಯಿಂದ ತೆಗೆದು ತಟ್ಟೆಯ ಪಕ್ಕದಲ್ಲೇ ಇಟ್ಟುಕೊಂಡು ಉಣ್ಣುತ್ತಿದ್ದ.

ಆಗ ಬಾಗಿಲ ಹತ್ತಿರ ಟೀಚರಮ್ಮನ ದನಿ ಕೇಳಿತು. "ಬೀಗದಣ್ಣಾ, ಊಟದ ಹೊತ್ತಲ್ಲಿ ಬಂದೆ, ಬೇಜಾರು ಮಾಡ್ಕೋಬೇಡಿ. ನಮ್ಮ ಬೀಗಕ್ಕೆ ಏನು ಎಣ್ಣೆ ಬಿಟ್ರಿ?"

"ಎಣ್ಣೆ ಬಿಟ್ಟಿಲ್ವಲ್ಲಾ, ಯಾಕೆ ಟೀಚರಮ್ಮ?"

"ಮಧ್ಯಾಹ್ನದಿಂದ ನಮ್ಮ ಬೆಕ್ಕು ಚಪ್ಪಲಿ ಗೂಡು ಹತ್ತಿ ನಿಂತು ಬೀಗದ ತೂತು ನೆಕ್ತಾ ಇದೆ. ಹಾಲು ಇಟ್ರೂ ಬರ್ತಿಲ್ಲ. ನಾನೂ ಮೂಗು ಇಟ್ಟು ನೋಡಿದೆ..." ಟೀಚರಮ್ಮ ಮಾತು ನಿಲ್ಲಿಸಿ ಗಾಳಿ ಮೂಸಿದರು. ಮೇಜಿನ ಮೇಲಿನ ಪಾತ್ರೆ ನೋಡಿದರು. "ಇದೇ ವಾಸನೆ."

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ ಬೀಗದಣ್ಣನ ಕೈ ಪ್ಯಾಂಟಿನ ಜೇಬಿಗೆ ಹೋಯಿತು. ಮಗಳು ಆ ಕೈ ಹಿಡಿದು ಜೇಬಿನಿಂದ ತಂತಿ ಎಳೆದು ತೆಗೆದಳು. ಮೂಸಿದಳು. ಮುಚ್ಚಳ ಎತ್ತಿ ದೀಪಕ್ಕೆ ಹಿಡಿದಳು. ಹಬೆಯ ತೂತಿನೊಳಗೆ ತಂತಿ ಸಲೀಸಾಗಿ ಇಳಿಯಿತು.

"ಮುಚ್ಚಳ ತೆಗೆದಿಲ್ಲ" ಅಂದ ಬೀಗದಣ್ಣ, ಸಣ್ಣ ದನಿಯಲ್ಲಿ.

ಮೊದಲು ನಕ್ಕದ್ದು ಹೆಂಡತಿ. ಮಾತು ಕಡಿಮೆಯ ಹೆಂಗಸು ಸೆರಗು ಬಾಯಿಗೆ ಒತ್ತಿಕೊಂಡು ಕಣ್ಣಲ್ಲಿ ನೀರು ಬರುವ ಹಾಗೆ ನಕ್ಕಳು. ಅಳಿಯನಿಗೆ ನಕ್ಕು ಅನ್ನ ನೆತ್ತಿಗೇರಿತು. ಟೀಚರಮ್ಮನಿಗೂ ಒಂದು ತಟ್ಟೆ ಬಂತು. ಅದರಲ್ಲಿ ಒಂದು ಚೂರು ಬೆಕ್ಕಿನ ಪಾಲಿಗೆ ಅಂತ ಪಕ್ಕಕ್ಕೆ ಸರಿಸಿಟ್ಟರು.

ಅಷ್ಟರಲ್ಲಿ ಬೀಗದಣ್ಣ ಬೀಗವನ್ನು ಮತ್ತೆ ಬಟ್ಟೆಯಲ್ಲಿ ಸುತ್ತಲು ಶುರುಮಾಡಿದ್ದ. ಅದನ್ನು ಮಗಳು ನೋಡಿದಳು.

"ಅಪ್ಪ, ನೀನು ಬರಬೇಡ ಅಂತ ನಾನು ಯಾವತ್ತಾದ್ರೂ ಹೇಳಿದ್ನಾ?"

"ಇಲ್ಲ."

"ದಿನಾ ಬಾ. ಆದರೆ ಬಾಗಿಲು ತಟ್ಟು. ನೀನು ಬಂದೆ ಅಂತ ಓಡಿಬಂದು ಬಾಗಿಲು ತೆಗಿಬೇಕು ಅಂತ ನನಗೂ ಆಸೆ ಇರಲ್ವಾ? ಹುಟ್ಟಿದಾಗಿಂದ ಎಲ್ಲಾನೂ ನೀನೇ ತೆಗೆದೆ. ನನ್ನ ಉಡುಗೊರೆ ಸಮೇತ."

ಬೀಗದಣ್ಣನಿಗೆ ಇದು ಹೊಸ ವಿಷಯ. ತೆಗೆಯುವುದರಲ್ಲಿ ಇನ್ನೊಬ್ಬರಿಗೂ ಆಸೆ ಇರಬಹುದು ಅಂತ ಅವನಿಗೆ ಹೊಳೆದೇ ಇರಲಿಲ್ಲ. ಅರ್ಧ ಸುತ್ತಿದ್ದ ಬೀಗವನ್ನು ಮಗಳ ಕಡೆ ಸರಿಸಿದ.

"ಬೀಗ ನೀನೇ ಹಾಕು" ಅಂದಳು ಮಗಳು. "ಗೆದ್ದಿದ್ದೀಯ, ನಾಚಿಕೆಗೆಟ್ಟು ಗೆದ್ದಿದ್ದೀಯ, ಆದರೂ ಗೆದ್ದಿದ್ದೀಯ. ಕೀಲಿ ಎಲ್ಲಾ ನನ್ನ ಹತ್ತಿರ. ಒಳಗಡೆ ಒಂದು ಚಿಲಕಾನೂ ಹಾಕು, ನಿನ್ನ ಯಾವ ತಂತಿಗೂ ಸಿಗಬಾರದು. ಈ ತಂತಿ ಮಾತ್ರ ನಾನಿಟ್ಕೋತೀನಿ."

ತಂತಿ ಬಿಟ್ಟುಕೊಡಲು ಅವನಿಗೆ ಮನಸ್ಸಿರಲಿಲ್ಲ, ಆದರೂ ಬಿಟ್ಟುಕೊಟ್ಟ. ವಾರದೊಳಗೆ ಹೊಸ ಮನೆಗೆ ಬೀಗವೂ ಬಂತು, ಚಿಲಕವೂ ಬಂತು. ಅಂಥ ಚಿಲಕವನ್ನು ಅವನು ಹಿಂದೆಂದೂ ಮಾಡಿರಲಿಲ್ಲ. ತನಗೇ ತೆಗೆಯಲಾಗಬಾರದು ಅಂತ ತಾನೇ ಮೂರು ಸಲ ಬಿಚ್ಚಿ ಕೂರಿಸಿದ.

ಮಗಳು ಅಳಿಯ ಅಲ್ಲಿಗೆ ಹೋದ ಮೊದಲ ಭಾನುವಾರ ಬೀಗದಣ್ಣ ಕೈಯಲ್ಲಿ ಬಾಳೆಹಣ್ಣು ಹಿಡಿದು ಬಾಗಿಲ ಮುಂದೆ ನಿಂತ. ಒಳಗಿನಿಂದ ಅದೇ ಶುಂಠಿ, ಅದೇ ಸಕ್ಕರೆಯ ಘಮ. ತಟ್ಟಿದ.

"ಬಂದೆ ಅಪ್ಪಾ, ಒಂದ್ನಿಮಿಷ!" ಅನ್ನುವ ದನಿ ಬಂತು, ಮಗಳು ಬರಲಿಲ್ಲ. ಪಕ್ಕದಲ್ಲಿ ಅಡುಗೆಮನೆಯ ಕಿಟಕಿ ತೆರೆದಿತ್ತು. ತೆರೆದಿದ್ದನ್ನು ನೋಡುವುದು ತಪ್ಪಲ್ಲವಲ್ಲ ಅಂತ ಬೀಗದಣ್ಣ ಕತ್ತು ಚಾಚಿದ. ಮಗಳು ಕುಕ್ಕರಿನ ಮೇಲೆ ಬಗ್ಗಿದ್ದಳು. ಹಬೆಯ ತೂತಿನಲ್ಲಿ ಅವನ ತಂತಿ. ನಾಲಿಗೆ ತುಟಿಯ ಮೂಲೆಗೆ ಬಂದಿತ್ತು, ಕಣ್ಣು ಅರ್ಧ ಮುಚ್ಚಿತ್ತು, ಕೈ ಮಾತ್ರ ಒಂದಿಷ್ಟೂ ನಡುಗುತ್ತಿರಲಿಲ್ಲ.

ಬೀಗದಣ್ಣ ಮೆಲ್ಲಗೆ ಬಾಗಿಲ ಮುಂದಕ್ಕೆ ಬಂದು, ಏನೂ ಅರಿಯದವನ ಹಾಗೆ ನಿಂತುಕೊಂಡ. ಚಿಲಕ ಸರಿಯಿತು. ಮಗಳು ಓಡಿಬಂದ ಉಸಿರಿನಲ್ಲೇ ಬಾಗಿಲು ತೆಗೆದಳು. ತುಟಿಯ ಅಂಚಿನಲ್ಲಿ ಜೇನಿನ ಬಣ್ಣದ ಒಂದು ಹನಿ.

"ಮುಚ್ಚಳ ತೆಗೆದ್ಯಾ?" ಅಂದ ಬೀಗದಣ್ಣ.

"ಇಲ್ಲಪ್ಪ" ಅಂದಳು ಮಗಳು. "ನಿನ್ನಾಣೆ."