ರಾಮಸಖಿ ಹಿಡಿದ ಮೊರ

ರಾಮಸಖಿಗೆ ಸಕ್ಕರೆ ಕಾಯಿಲೆ. ಕಳೆದ ವರ್ಷ, ನದಿಯಲ್ಲಿ ನಿಂತು ಸೂರ್ಯನಿಗೆ ಅರ್ಘ್ಯ ಕೊಡುವ ಛಠ್ ವ್ರತದ ಉಪವಾಸದಲ್ಲಿ ಗಂಡಕ್ ನದಿಯ ನೀರಿನಲ್ಲೇ ಕುಸಿದಿದ್ದಳು. ಈ ಸಲವೂ ಹನಿ ನೀರಿಲ್ಲದೆ ಒಂದೂವರೆ ದಿನ ಕಳೆದರೆ ಜೀವಕ್ಕೇ ಅಪಾಯ ಎಂದು ಡಾಕ್ಟರು ಖಡಾಖಂಡಿತ ಹೇಳಿದ್ದರು. ಸೊಸೆ ಬಬೀತಾ ದಸರೆಯಿಂದಲೇ ಅತ್ತೆಯ ಬೆನ್ನು ಬಿದ್ದಿದ್ದಳು.

"ಅಮ್ಮಾಜಿ, ವ್ರತ ನಂಗೆ ಒಪ್ಪಿಸಿಬಿಡಿ. ಅರ್ಘ್ಯದ ಮೊರ ನಾನು ಹಿಡೀತೀನಿ."

"ಬೆಳಿಗ್ಗೆ ಚಹಾ ತಡ ಆದ್ರೆ ಮನೆಯೆಲ್ಲ ರಂಪ ಮಾಡ್ತೀಯ. ನೀನು ಉಪವಾಸ ಮಾಡೋದು, ನಾನು ನೋಡೋದು!" ಎಂದು ಅತ್ತೆ ನಕ್ಕುಬಿಡುತ್ತಿದ್ದಳು.

ನಿಜವಾದ ಕಾರಣ ಊರಿಗೆಲ್ಲ ಗೊತ್ತಿತ್ತು. ಆ ಮನೆಯಲ್ಲಿ ಸೊಸೆಗೆ ವ್ರತ ಒಪ್ಪಿಸಿದ ಯಾವ ಅತ್ತೆಯೂ ಮುಂದಿನ ಛಠ್ ಕಂಡಿರಲಿಲ್ಲ. ರಾಮಸಖಿಯ ಅತ್ತೆ ಮೊರ ಕೊಟ್ಟು ಹೋಳಿಯ ಹೊತ್ತಿಗೆ ಹೋದಳು. ಆ ಅತ್ತೆಯ ಅತ್ತೆ ವ್ರತ ಒಪ್ಪಿಸಿದ ಮೇಲೆ ಅಷ್ಟು ದಿನವೂ ಇರಲಿಲ್ಲ. ಹಣ್ಣಾದ ಮುದುಕಿಯರು, ಉದುರಿದರು, ಅದರಲ್ಲೇನು ಎಂದು ಬಬೀತಾಳ ವಾದ. ಆದರೆ ಸಾವಿಗೆ ಹೆದರಿ ಸಾವಿನ ಬಾಯಿಗೇ ಕಾಲಿಡುವವಳಿಗೆ ಬುದ್ಧಿ ಹೇಳುವವರು ಯಾರು?

ವ್ರತದ ಕೊನೆಯ ಬೆಳಿಗ್ಗೆ ಮಂಜು ಕವಿದು ಎಷ್ಟು ಹೊತ್ತಾದರೂ ಸೂರ್ಯ ಕಾಣಲಿಲ್ಲ. ಸೊಂಟದವರೆಗಿನ ನೀರಿನಲ್ಲಿ ಹಣ್ಣು, ಗೋಧಿ ಹಿಟ್ಟಿನ ಸಿಹಿ ಠೇಕುವಾ ತುಂಬಿದ ಮೊರ ಹಿಡಿದು ರಾಮಸಖಿ ಪೂರ್ವಕ್ಕೆ ಮುಖ ಮಾಡಿ ನಿಂತಿದ್ದಳು. ಮೈ ತೂಗುತ್ತಿತ್ತು. ದಡದಲ್ಲಿ ಹಾಡುತ್ತಿದ್ದ ಹೆಂಗಸರು ಒಬ್ಬೊಬ್ಬರಾಗಿ ಹಾಡು ನಿಲ್ಲಿಸಿದರು. ಬಬೀತಾ ತಡೆಯಲಾರದೆ ನೀರಿಗಿಳಿದು ಮೊರದ ಅಂಚಿಗೆ ಕೈ ಹಾಕಿದಳು.

"ಬಿಡಿ ಅಮ್ಮಾಜಿ."

"ಮುಟ್ಟಬೇಡ! ಉಂಡ ಕೈ ಅದು."

"ಉಂಡಿಲ್ಲ. ನಿಮ್ ಜೊತೇಲೇ ನಾನೂ ವ್ರತ ಹಿಡಿದಿದೀನಿ. ನೀರೂ ಕುಡಿದಿಲ್ಲ, ಛಠಿ ಮಾತೆ ಆಣೆ."

ಅತ್ತೆ ಅವಳ ಒಡೆದ ತುಟಿಗಳನ್ನೇ ಬಹಳ ಹೊತ್ತು ನೋಡಿದಳು. ಆಮೇಲೆ ಬೆರಳುಗಳು ಒಂದೊಂದಾಗಿ ಸಡಿಲಾದವು.

ಮಂಜು ಹರಿದು ಸೂರ್ಯ ಮೂಡಿದ. ಬಬೀತಾ ಅರ್ಘ್ಯ ಕೊಟ್ಟು, ಅತ್ತೆಯನ್ನು ದಡಕ್ಕೆ ತಂದು ಕೂರಿಸಿ ಶುಂಠಿ, ಬೆಲ್ಲದ ನೀರು ಕುಡಿಸಿದಳು. ಮುದುಕಿಯ ಕೆನ್ನೆಗೆ ರಂಗು ಬಂತು. ಗೆದ್ದೆ ಎಂದುಕೊಂಡಳು ಬಬೀತಾ.

ಅಷ್ಟರಲ್ಲಿ ರಾಮಸಖಿ ಸೊಸೆಯ ಕೈ ಹಿಡಿದಳು. "ಪ್ರಸಾದದ ಗೋಧಿ ಒಣಹಾಕಿದಾಗ ಹಕ್ಕಿ ಮುಟ್ಟದ ಹಾಗೆ ಕೂತು ಕಾಯ್ಬೇಕು. ಈಗ್ಲೇ ಕೇಳ್ಕೋ ದುಲ್ಹಿನ್. ಆಮೇಲೆ ಹೇಳೋಕೆ ನಾನಿರಲ್ಲ."

"ಬಿಡ್ತು ಅನ್ನಿ!"

ಅತ್ತೆ ಅನ್ನಲಿಲ್ಲ. ಹೊರೆ ಇಳಿಸಿದವಳಂತೆ ನಿರಾಳವಾಗಿ ನಕ್ಕಳು. ಆ ನಗು ಕಂಡು ಬಬೀತಾಳಿಗೆ ಮೊದಲ ಸಲ ಹೆದರಿಕೆಯಾಯಿತು. ಪಡೆದ ವ್ರತವನ್ನು ಅತ್ತೆಗೆ ವಾಪಸು ಕೊಡುವ ಪದ್ಧತಿ ಅವರಲ್ಲಿ ಇರಲಿಲ್ಲ.