ಅವ್ವನ ಮಾತು, ನನ್ನ ಮರಾಠಿ

ಸುಮನಬಾಯಿ, ಅಂದು ನಿಮಗೆ ಸುಳ್ಳು ಹೇಳಿದೆ. ನನ್ನ ಅವ್ವ ನಿಮ್ಮ ಮಗನನ್ನು ಕ್ಷಮಿಸಿದ್ದಳು.

ಕಸಬೆ ಡಿಗ್ರಜ ಊರಲ್ಲಿದ್ದ ನನ್ನ ತಮ್ಮ ಭರಮೂನ ಮನೆಗೆ ಕಳವಿಗೆ ನುಗ್ಗಿ ನಿಮ್ಮ ಮಗ ಭರಮೂನನ್ನೂ ಅವನ ಹೆಂಡತಿಯನ್ನೂ ಕೊಂದಿದ್ದ. ಗಲ್ಲು ಖಾಯಂ ಆಗಿತ್ತು. ದಯಾ ಅರ್ಜಿಯ ಜೊತೆ ಭರಮೂನ ತಾಯಿಯ ಪತ್ರವಿದ್ದರೆ ಒಳ್ಳೆಯದೆಂದು ವಕೀಲರು ಹೇಳಿದ್ದಕ್ಕೆ ನೀವು ಹರಿಪುರದಿಂದ ಮಿರಜಿಗೆ, ನಮ್ಮ ಮನೆಗೆ ಬಂದಿರಿ. ಅದೂ ಕ್ಷಮಾವಣಿಯ ದಿನ — ಜೈನರಾದ ನಾವು ಹತ್ತು ದಿನದ ಪರ್ವ ಮುಗಿಸಿ, ಕಂಡವರಿಗೆಲ್ಲ ಕೈಮುಗಿದು ಕ್ಷಮೆ ಕೇಳುವ ದಿನ.

ಕಣ್ಣಿನ ಆಪರೇಶನ್ನಿಗೆಂದು ಅಥಣಿ ಕಡೆಯ ಹಳ್ಳಿಯಿಂದ ಬಂದಿದ್ದ ಅವ್ವನಿಗೆ ಮರಾಠಿ ಬಾರದು. ನಿಮಗೆ ಕನ್ನಡ ಬಾರದು. ನಡುವೆ ನಾನು.

ನಿಮ್ಮ ಮಾತನ್ನು ಸರಿಯಾಗಿಯೇ ಹೇಳಿದೆ. ಅವ್ವ ನಿಮ್ಮ ಕಡೆ ಮುಖ ತಿರುಗಿಸಿ ನನಗೆ ಹೇಳಿದಳು:

"ನನ್ನ ಹೊಟ್ಟಿ ಸುಟ್ಟದ್ದು ಸಾಕು. ಆಕೀದೂ ಯಾಕ ಸುಡಬೇಕು? ಪತ್ರಾ ಬರಿ, ಹೆಬ್ಬಟ್ಟ ಒತ್ತತೇನಿ."

"ಅವ್ವಾ, ಭರಮೂನ್ನ ಕೊಂದಾಂವ ಅಂವ!"

"ಗೊತ್ತೈತಿ. ಭರಮೂನ್ನ ಹಡದಾಕಿ ನಾನು, ನೀ ಅಲ್ಲ. ಹುಳಾ ಸತ್ತೀತು ಅಂತ ನೀರ ಸೋಸಿ ಕುಡಿಯೂ ಮಂದಿ ನಾವು, ಹಗ್ಗಾ ಬಿಗೀರಿ ಅಂತ ಹ್ಯಾಂಗ ಹೇಳೂದೋ, ಶಾಣ್ಯಾ?"

ನಾನು ನಿಮ್ಮ ಕಡೆ ತಿರುಗಿ ಮರಾಠಿಯಲ್ಲಿ ಹೇಳಿದೆ — ಕೋರ್ಟು ಕೊಟ್ಟ ಶಿಕ್ಷೆಯೇ ಆಗಲಿ ಅಂತಾಳೆ.

ನೀವು ಅಳುತ್ತ ಅವ್ವನ ಪಾದ ಮುಟ್ಟಿದಿರಿ. ಅವ್ವ ನಿಮ್ಮ ತಲೆ ನೇವರಿಸಿದಳು. ಮಗನ ಸಾವು ಬಯಸಿದವಳ ಕೈಯೆಂದು ತಿಳಿದೂ ನೀವು ಅದನ್ನು ತಳ್ಳಲಿಲ್ಲ — ಅದನ್ನು ನೋಡಿಯೂ ನಾನು ಸುಳ್ಳನ್ನು ತಿದ್ದಲಿಲ್ಲ.

"ಕಾಗದಾ ಎಲ್ಲಿ?" ಅಂದಳು ಅವ್ವ, ನೀವು ಹೋದ ಮೇಲೆ.

"ವಕೀಲರು ತರತಾರ."

ಕಾಗದ ಬೇಕಾಗಲೇ ಇಲ್ಲ, ಗಲ್ಲು ರದ್ದಾಯಿತು ಎಂದು ಆಮೇಲೆ ಅವಳಿಗೂ ಸುಳ್ಳು ಹೇಳಿದೆ. ಅವನು ಉಳಿದನೆಂದೇ ನಂಬಿ ಅವ್ವ ತೀರಿಕೊಂಡಳು. ಆಮೇಲೆ ಅವನಿಗೆ ಗಲ್ಲಾಯಿತು. ಆ ದಿನ ಭರಮೂನಿಗೆ ನ್ಯಾಯ ಸಿಕ್ಕಿತೆಂದು ಬಸದಿಯ ಕಟ್ಟೆಯ ಮೇಲೆ ಕೂತು ವಾದಿಸಿದೆ. ಜೀವ ತೆಗೆಯುವುದು ಧರ್ಮವಲ್ಲ ಎಂದವರಿಗೆ, ನಿಮ್ಮ ತಮ್ಮ ಸತ್ತಿದ್ದರೆ ತಿಳಿಯುತ್ತಿತ್ತು ಎಂದೆ.

ಆ ಪತ್ರ ಅವನನ್ನು ಉಳಿಸುತ್ತಿತ್ತೋ ಇಲ್ಲವೋ — ಈ ಪ್ರಶ್ನೆಯ ಹಿಂದೆ ವರ್ಷಗಟ್ಟಲೆ ಅಡಗಿ ಕೂತೆ. ದಯೆ ಅವ್ವನದಾಗಿತ್ತು. ಅದನ್ನು ನಾನು ಕದ್ದೆ. ಅವಳನ್ನು ನಿಮ್ಮ ಕಣ್ಣಲ್ಲಿ ಕಲ್ಲು ಮಾಡಿದೆ.

ಇದನ್ನೂ ಕನ್ನಡದಲ್ಲೇ ಬರೆಯುತ್ತಿದ್ದೇನೆ — ನೀವು ಓದಲಾರದ ಭಾಷೆಯಲ್ಲಿ. ಈಗಷ್ಟೇ ಹೊಳೆಯಿತು. ನಾಳೆ ಹರಿಪುರಕ್ಕೆ ಬರುತ್ತೇನೆ. ಬಾಗಿಲು ಹಾಕಿಕೊಂಡರೆ ಹೊರಗೇ ನಿಂತು, ಓಣಿಯವರಿಗೆಲ್ಲ ಕೇಳಿಸುವಂತೆ, ಮರಾಠಿಯಲ್ಲೇ ಹೇಳುತ್ತೇನೆ.