ಜಪ್ತಿಯಾದ ಹಲಸು

ಮುಂಡಾಜೆಯಲ್ಲಿ ನಮ್ಮ ಮತ್ತು ನೆರೆಯವರ ಜಾಗದ ಗಡಿಯಲ್ಲಿ ಒಂದು ಹಲಸಿನ ಮರವಿದೆ. ನಾನು ಅದರಿಂದ ಒಂದು ಕಾಯಿ ಕೀಳಿಸಿದ್ದಕ್ಕೆ ಅವರು ಅಕ್ರಮ ಪ್ರವೇಶ, ಕಳವು, ಜೀವಬೆದರಿಕೆ ಎಂದು ಪೊಲೀಸರಿಗೆ ದೂರು ಕೊಟ್ಟರು. ಇಷ್ಟು ವರ್ಷ ಶಾಲೆಯಲ್ಲಿ ನೀತಿಪಾಠ ಹೇಳಿದ ನಾನು ಆರೋಪಿಯಾದೆ.

ಪೊಲೀಸರು ಹಲಸನ್ನು ಸಾಕ್ಷ್ಯವೆಂದು ಜಪ್ತಿ ಮಾಡಿ ಠಾಣೆಯಲ್ಲಿಟ್ಟರು. ಐದನೆಯ ದಿನ ಅದು ಹಣ್ಣಾಗಿ, ನಮ್ಮಿಬ್ಬರಿಗೂ ಕರೆ ಬಂತು. ಠಾಣೆಯ ತುಂಬ ಪರಿಮಳ, ನೊಣ.

"ಟೀಚರ್, ಇದಕ್ಕೊಂದು ದಾರಿ ಮಾಡುವ. ಯಾರಿಗೆ ಕೊಡುವುದು?" ಎಂದರು ಮುಖ್ಯಪೇದೆ.

"ನನಗೆ ಕೊಡಿ" ಎಂದೆ.

"ಹಾಗಾದ್ರೆ ಮರವೂ ಅವರದ್ದೇ ಅಂತ ಆಗ್ತದೆ, ಕೊಡ್ಲಿಕ್ಕಿಲ್ಲ" ಎಂದರು ನೆರೆಯವರು.

ಕೊನೆಗೆ ಹಣ್ಣಿನ ಫೋಟೊ ತೆಗೆದು, ಪಂಚನಾಮೆ ಬರೆದು, ಹಿತ್ತಲಲ್ಲಿ ಅದನ್ನು ಕೊಯ್ದರು. ಕೈಗೆ ಎಣ್ಣೆ ಹಚ್ಚಿಕೊಂಡು ತೊಳೆ ಬಿಡಿಸಿದವರು ನಾವಿಬ್ಬರೇ. "ಭಾರೀ ಸೀ ಉಂಟು, ತಿನ್ನಿ" ಎಂದು ನೆರೆಯವರು ಮೊದಲ ತೊಳೆಯನ್ನು ನನಗೇ ಕೊಟ್ಟರು. ನನ್ನ ಮನಸ್ಸು ಕರಗಿತು. ವಾಪಸು ಬರುವಾಗ ಬಸ್ಸಿನಲ್ಲಿ, "ನಾವು ರಾಜಿ ಮಾಡಿಕೊಳ್ಳುವಾ?" ಎಂದು ಕೇಳಿದೆ.

"ಹಣ್ಣು ಬೇರೆ, ಕೇಸು ಬೇರೆ ಟೀಚರ್."

ಆಮೇಲೆ ಸರ್ವೆಯವರು ಬಂದು ಅಳೆದು, ಮರ ಸರ್ಕಾರದ ಜಾಗದಲ್ಲಿದೆ ಎಂದರು. ಅಳತೆ ತಪ್ಪೆಂದು ನಾವಿಬ್ಬರೂ ಸೇರಿ ಒಂದೇ ಅರ್ಜಿ ಕೊಟ್ಟೆವು. ನೆರೆಯವರು ಹೇಳಿದರು, ನಾನು ಬರೆದೆ.